ಭಾವನ ಕಾರಿಗೆ ಕ್ರೂಸ್ ಹಾಕಿದ್ದು

ನನಗೆ ಸಿಟ್ಟು ಜಾಸ್ತಿ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ನನ್ನನ್ನು ಬಲ್ಲವರೆಲ್ಲ ಹೇಗೂ ಅದನ್ನೇ ಮೊದಲು ಹೇಳುತ್ತಾರೆ. ಇಪ್ಪತ್ತಾರು ವರ್ಷದಿಂದ ಕಾರುಗಳ ವೈರಿಂಗ್ ಕೆಲಸ ಮಾಡುತ್ತಿದ್ದೇನೆ. ಅಕ್ಕನ ಗಂಡ, ಅಂದರೆ ನನ್ನ ಭಾವ, ನನಗೆ ‘ಫ್ಯೂಸು’ ಎಂದು ಹೆಸರಿಟ್ಟಿದ್ದು ಆ ಕೆಲಸ ನೋಡಿ ಅಲ್ಲ, ಈ ಸಿಟ್ಟು ನೋಡಿ. ಸ್ವಲ್ಪ ಹೆಚ್ಚಾದರೆ ಹಾರಿಹೋಗುತ್ತೇನಂತೆ. ಬೇರೆ ಯಾರಾದರೂ ಹಾಗೆ ಕರೆದರೆ ಅವರ ಗಾಡಿ ಮುಟ್ಟುವುದಿಲ್ಲ. ಭಾವ ಕರೆದರೆ ಓಗೊಡುತ್ತೇನೆ.

ಆ ಸೋಮವಾರ ಬೆಳಿಗ್ಗೆ ಭಾವ ತಮ್ಮ ಕಾರನ್ನು ಅಂಗಡಿಯೊಳಗೆ ತಂದು ನಿಲ್ಲಿಸಿ, ಒಂದು ಪ್ಲಾಸ್ಟಿಕ್ ಚೀಲವನ್ನು ನನ್ನ ಬೆಂಚಿನ ಮೇಲೆ ಇಟ್ಟರು. ಒಳಗೆ ಗುಜರಿಯಲ್ಲಿ ಆರಿಸಿ ತಂದ ಸ್ಟೇರಿಂಗ್ ಬಟನ್ನುಗಳು, ಒಂದು ಕ್ಲಚ್ ಸ್ವಿಚ್ಚು, ಒಂದು ಬ್ರೇಕ್ ಸ್ವಿಚ್ಚು.

“ಫ್ಯೂಸು, ನನ್ನ ಗಾಡಿಗೆ ಕ್ರೂಸ್ ಕಂಟ್ರೋಲ್ ಹಾಕ್ಕೊಡಬೇಕು ಕಣೋ.”

“ಯಾಕೆ ಭಾವ, ವಯಸ್ಸಾಯ್ತಾ?”

“ದಿನಾ ಅದೇ ರೋಡು, ಅದೇ ಎಪ್ಪತ್ತರ ಸ್ಪೀಡು. ಕಾಲು ಆಕ್ಸಿಲರೇಟರ್ ಮೇಲೇ ಕೂತು ಜೋಮು ಹಿಡಿಯತ್ತೆ. ಸ್ವಲ್ಪ ರೆಸ್ಟ್ ಸಿಗಲಿ.”

“ಇದು ಕಡಿಮೆ ಮಾಡೆಲ್ಲು. ಕಂಪನಿಯವರೇ ಕೊಡದೆ ಇರೋದನ್ನ ನಾನು ಹುಟ್ಟಿಸೋಕೆ ಹೋದ್ರೆ ಎರಡು ದಿನದ ಕೆಲಸ.”

“ನಿನ್ನ ಕೈಲಾಗಲ್ಲ ಅಂದ್ರೆ ಹೇಳು. ಆ ತಿರುವಿನ ಹತ್ರ ಒಬ್ಬ ಹೊಸ ಹುಡುಗ ಅಂಗಡಿ ಹಾಕಿದಾನಂತೆ.”

ನನ್ನನ್ನು ಕೆಲಸಕ್ಕೆ ಇಳಿಸುವ ಉಪಾಯ ಅವರಿಗೆ ಚೆನ್ನಾಗಿ ಗೊತ್ತು. ಚೀಲ ಎಳೆದುಕೊಂಡೆ.

ಭಾವನ ಕೆಲಸವೆಂದರೆ ರಕ್ತ ಸಾಗಿಸುವುದು. ಮೂರು ಊರಿನ ಆಸ್ಪತ್ರೆಗಳಿಂದ ಸ್ಯಾಂಪಲ್ಲುಗಳನ್ನು ಐಸ್ ಪೆಟ್ಟಿಗೆಯಲ್ಲಿ ತುಂಬಿಕೊಂಡು ನೂರ ಅರವತ್ತು ಕಿಲೋಮೀಟರ್ ದೂರದ ದೊಡ್ಡ ಲ್ಯಾಬಿಗೆ ಮುಟ್ಟಿಸಬೇಕು. ಹದಿನಾಲ್ಕು ವರ್ಷದಲ್ಲಿ ಒಂದು ಪೆಟ್ಟಿಗೆಯೂ ತಡವಾಗಿಲ್ಲ, ಒಂದು ಸೀಸೆಯೂ ಒಡೆದಿಲ್ಲ. ಅವರು ಬ್ರೇಕ್ ಹಾಕಿದ್ದು ಹಿಂದಿನ ಸೀಟಿನಲ್ಲಿ ಮಲಗಿದವರಿಗೆ ತಿಳಿಯುತ್ತಿರಲಿಲ್ಲ. ನನಗೆ ಡ್ರೈವಿಂಗ್ ಕಲಿಸಿದ್ದೂ ಅವರೇ. ಮೊದಲ ದಿನವೇ ನನ್ನ ಚಪ್ಪಲಿ ಕಿತ್ತು ಹಿಂದಕ್ಕೆ ಎಸೆದಿದ್ದರು. “ಗಾಡಿ ಏನು ಹೇಳತ್ತೆ ಅಂತ ಪಾದಕ್ಕೆ ಗೊತ್ತಾಗ್ಬೇಕು. ಮಧ್ಯೆ ಚಪ್ಪಲಿ ಯಾಕೆ?” ಎಂದಿದ್ದರು. ತಾವೂ ಸದಾ ಬರಿಗಾಲಲ್ಲೇ ಓಡಿಸುತ್ತಿದ್ದರು. ಮದುವೆ ಮನೆಗೆ ಹೋಗಿ ಇಳಿದರೂ ಚಪ್ಪಲಿ ಕಾರಲ್ಲೇ ಮರೆತು ಬಂದು ಅಕ್ಕನ ಕೈಲಿ ಬೈಸಿಕೊಳ್ಳುತ್ತಿದ್ದರು.

ಆ ಮನುಷ್ಯ ಅವತ್ತು ಕಾಲಿಗೆ ಬೂಟು ಹಾಕಿ, ಲೇಸನ್ನು ಹಗ್ಗದ ಹಾಗೆ ಬಿಗಿದು ಬಂದಿದ್ದರು. ನಡೆದರೆ ಬಲಗಾಲು ಸಿಮೆಂಟಿನ ಮೇಲೆ ‘ಟಕ್’ ಎನ್ನುತ್ತಿತ್ತು.

“ಇದೇನು ಭಾವ, ಪರೇಡಿಗೆ ಹೊರಟಿದ್ದೀರಾ?”

“ಸೋಲ್ ಸವೀತಿತ್ತು, ಲಾಳ ಹೊಡೆಸ್ದೆ. ನೀನು ನಿನ್ನ ಕೆಲಸ ನೋಡು.”

ನೋಡಿದೆ. ಸ್ಟೇರಿಂಗ್ ಬಿಚ್ಚಿದೆ, ಅದರೊಳಗೆ ಸುರುಳಿಯಾಗಿ ಸುತ್ತಿಕೊಂಡಿರುವ ಕೇಬಲ್ ಪಟ್ಟಿ ಬದಲಿಸಿದೆ, ಎರಡು ಹೊಸ ವೈರು ಎಳೆದು ಎಂಜಿನ್ ಕಂಪ್ಯೂಟರಿಗೆ ಸೇರಿಸಿದೆ. ಇಂಥ ಕಾರುಗಳಲ್ಲಿ ಕಂಪ್ಯೂಟರು ದೊಡ್ಡ ಮಾಡೆಲ್ಲಿನದೇ ಇರುತ್ತದೆ. ಬುದ್ಧಿ ಇದೆ, ಬಾಯಿಗೆ ಬೀಗ ಹಾಕಿರುತ್ತಾರೆ ಅಷ್ಟೆ. ಲ್ಯಾಪ್‌ಟಾಪ್ ಸಿಕ್ಕಿಸಿ ಆ ಬೀಗ ತೆಗೆದೆ. ಇನ್ನು ಬಟನ್ ಒತ್ತಿದರೆ ಕಾರು ಆ ವೇಗವನ್ನು ತಾನೇ ಹಿಡಿದುಕೊಳ್ಳುತ್ತದೆ, ಆಕ್ಸಿಲರೇಟರ್ ಮೇಲೆ ಕಾಲು ಬೇಡ. ಬ್ರೇಕನ್ನೋ ಕ್ಲಚ್ಚನ್ನೋ ಸ್ವಲ್ಪ ತುಳಿದರೆ ಸಾಕು, ಬಿಟ್ಟುಬಿಡುತ್ತದೆ. ತುಳಿದ ಸುದ್ದಿಯನ್ನು ಕಂಪ್ಯೂಟರಿಗೆ ಮುಟ್ಟಿಸುವುದೇ ಪೆಡಲ್ ಮೇಲಿರುವ ಆ ಹೆಬ್ಬೆರಳು ಗಾತ್ರದ ಸ್ವಿಚ್ಚಿನ ಕೆಲಸ. ಅದನ್ನು ಹಾಕುವಾಗ ಬ್ರೇಕ್ ಪೆಡಲಿನ ರಬ್ಬರು ಇಲ್ಲದ್ದು ಕಂಡಿತು. ಬರೀ ಕಬ್ಬಿಣ. ರಬ್ಬರು ಹಾಕಿಸೋಕೂ ಸೋಮಾರಿತನವೇ ಎಂದು ಬೈದೆ. ಭಾವ ಕಿವಿಗೆ ಹಾಕಿಕೊಳ್ಳಲಿಲ್ಲ.

ಮಧ್ಯಾಹ್ನ ಅಕ್ಕ ಫೋನ್ ಮಾಡಿದಳು.

“ಅದೇನೋ ಹಾಕಿಸ್ತೀನಿ ಅಂತ ಎರಡು ದಿನ ರಜಾ ಹಾಕಿದಾರಲ್ಲೋ. ಇಷ್ಟು ವರ್ಷದಲ್ಲಿ ನನಗೋಸ್ಕರ ಒಂದಿನ ಹಾಕಿಲ್ಲ.”

“ಕಾರು ನಿನ್ನ ಸವತಿ ಕಣೇ ಅಕ್ಕ, ಗೊತ್ತಿಲ್ವಾ?”

“ಸವತೀನ ನೋಡ್ಕೊಂಡಷ್ಟು ಮೈಮೇಲೆ ಜ್ಞಾನ ಇಟ್ಕೊಂಡಿದ್ರೆ ಸಾಕಿತ್ತು. ಮೊನ್ನೆ ಅಂಗಡಿಯಿಂದ ಒಂದೇ ಚಪ್ಪಲೀಲಿ ನಡ್ಕೊಂಡು ಬಂದಿದಾರೆ. ಇನ್ನೊಂದೆಲ್ಲಿ ಅಂದ್ರೆ ಬಗ್ಗಿ ಕಾಲು ನೋಡ್ಕೋತಾರೆ. ಆಮೇಲೆ ಗೊತ್ತಾಗಿದೆ.”

ಇಬ್ಬರೂ ಹೊಟ್ಟೆ ತುಂಬ ನಕ್ಕೆವು. ಆ ನಗುವನ್ನು ನೆನೆದರೆ ಈಗ ನನ್ನ ಕೆನ್ನೆಗೆ ನಾನೇ ಹೊಡೆದುಕೊಳ್ಳಬೇಕು ಅನಿಸುತ್ತದೆ.

ಮಾರನೆಯ ದಿನ ಹನ್ನೊಂದಕ್ಕೆ ಕೆಲಸ ಮುಗಿಯಿತು. ಊರಾಚೆಯ ನೇರ ರಸ್ತೆಗೆ ಹೋದೆವು. ಭಾವ ಓಡಿಸುತ್ತಿದ್ದರು, ನಾನು ಪಕ್ಕದ ಸೀಟಿನಲ್ಲಿ ಲ್ಯಾಪ್‌ಟಾಪ್ ತೊಡೆಯ ಮೇಲಿಟ್ಟುಕೊಂಡು ಕೂತಿದ್ದೆ. ಎಪ್ಪತ್ತು ಮುಟ್ಟಿದಾಗ, “ಈಗ ಒತ್ತಿ” ಎಂದೆ. ಭಾವ ರಸ್ತೆಯಿಂದ ಕಣ್ಣು ತೆಗೆದು ಬಟನ್ನು ಹುಡುಕಿ, ಬೆರಳು ಅದರ ಮೇಲೆ ಕೂತದ್ದನ್ನು ಕಣ್ಣಿಂದ ನೋಡಿ ಒತ್ತಿದರು. ಮದುಮಗಳ ಹಾಗೆ ತಲೆ ಬಗ್ಗಿಸಬೇಡಿ, ರೋಡು ನೋಡಿ ಎಂದು ಗದರಿದೆ. ಡ್ಯಾಶ್‌ಬೋರ್ಡಿನಲ್ಲಿ ಹಸಿರು ದೀಪ ಹತ್ತಿತು. ಕಾರು ಎಪ್ಪತ್ತರಲ್ಲೇ ನಿಂತಿತು.

“ಬಿಟ್ಟಿದೀನಿ ಕಣೋ, ಕಾಲು ಪೂರ್ತಿ ಬಿಟ್ಟಿದೀನಿ,” ಎಂದರು ಭಾವ. ಅವರ ಕಣ್ಣಲ್ಲಿ ನೀರಿತ್ತು. ಕಾರಿಗೊಂದು ಬಟನ್ ಹಾಕಿದ್ದಕ್ಕೆ ಅಳುವವರನ್ನು ನಾನು ನೋಡಿರಲಿಲ್ಲ. ನನ್ನ ಕೈಚಳಕಕ್ಕೆ ಮನಸೋತಿದ್ದಾರೆ ಎಂದುಕೊಂಡು ಉಬ್ಬಿದೆ.

ಎರಡು ಕಿಲೋಮೀಟರ್ ಹೋಗಿರಬೇಕು. ಮುಂದೆ ಇಟ್ಟಿಗೆ ತುಂಬಿದ ಟ್ರಾಕ್ಟರು ನಿಧಾನ ಹೋಗುತ್ತಿತ್ತು. “ಬ್ರೇಕ್ ಹಾಕಿ ನೋಡಿ, ಕ್ರೂಸ್ ಬಿಡತ್ತೆ,” ಎಂದೆ. ಬಿಡಲಿಲ್ಲ. ಹಸಿರು ದೀಪ ಹಾಗೇ ಇತ್ತು, ಟ್ರಾಕ್ಟರು ಹತ್ತಿರ ಬಂತು. “ಭಾವ, ಬ್ರೇಕು.” “ಒತ್ತಿದೀನಲ್ಲೋ.” ನಾನು ಅಡ್ಡ ಕೈ ಹಾಕಿ ಆಫ್ ಬಟನ್ ಒತ್ತಿ ಹ್ಯಾಂಡ್‌ಬ್ರೇಕ್ ಎಳೆದೆ. ಕಾರು ಸೊಟ್ಟಗೆ ಎಳೆದು ರಸ್ತೆ ಬದಿಯ ಮಣ್ಣಿಗೆ ಇಳಿದು ನಿಂತಿತು. ಇಟ್ಟಿಗೆಯ ಟ್ರಾಕ್ಟರು ಏನೂ ತಿಳಿಯದೆ ಮುಂದೆ ಹೋಯಿತು.

ಲ್ಯಾಪ್‌ಟಾಪ್ ನೋಡಿದೆ. ‘ಬ್ರೇಕ್ ಪೆಡಲ್: ಒತ್ತಿಲ್ಲ’ ಎಂದು ಅದರ ಲೆಕ್ಕ. ನನಗೆ ರೇಗಿತು. ಗುಜರಿ ಸ್ವಿಚ್ಚಿಗೆ ಬೈದೆ, ಗುಜರಿಯವನಿಗೆ ಬೈದೆ, ಅಲ್ಲಿಗೆ ಹೋದ ಭಾವನಿಗೂ ಬೈದೆ. ಭಾವ ಸ್ಟೇರಿಂಗ್ ಹಿಡಿದು ತಮ್ಮ ಬೂಟನ್ನೇ ನೋಡುತ್ತಿದ್ದರು.

ಸ್ವಿಚ್ಚು ಕೆಟ್ಟಿದ್ದರೂ ಬ್ರೇಕು ಹಿಡಿಯಲೇಬೇಕಲ್ಲ. ಯಾವ ಮೆಕ್ಯಾನಿಕ್ಕಾದರೂ ಮೊದಲು ಅದನ್ನೇ ಕೇಳುತ್ತಿದ್ದ. ನಾನು ಕೇಳಲಿಲ್ಲ. ವೈರಿನವನಿಗೆ ಲೋಕದ ತಪ್ಪೆಲ್ಲ ವೈರಿನಲ್ಲೇ ಕಾಣುತ್ತದೆ. ಜೊತೆಗೆ, ಭಾವ ಒತ್ತಿದೆ ಅಂದ ಮೇಲೆ ಒತ್ತಿರುತ್ತಾರೆ. ನಾನು ಸ್ಕ್ರೀನನ್ನು ನಂಬಲಿಲ್ಲ, ಆ ಕಾಲನ್ನು ನಂಬಿದೆ.

ವಾಪಸ್ ಬರುವಾಗ ನಾನೇ ಓಡಿಸಿದೆ. ಬ್ರೇಕು ಸರಿಯಾಗೇ ಹಿಡಿಯಿತು, ಆಗಲೂ ತಲೆಗೆ ಹೋಗಲಿಲ್ಲ. ದಾರಿಯಲ್ಲಿ ಹೊಸ ಸ್ವಿಚ್ಚು ಕೊಂಡು, ಅಂಗಡಿಗೆ ಬಂದು ಹಾಕಿದೆ. ಇಂಥ ಕೆಲಸವನ್ನು ಪರೀಕ್ಷಿಸುವ ನನ್ನ ಕ್ರಮ ಒಂದೇ. ಗಾಡಿಯವರನ್ನು ಸೀಟಿನಲ್ಲಿ ಕೂರಿಸಿ, ನಾನು ಡ್ಯಾಶ್‌ಬೋರ್ಡಿನ ಕೆಳಗೆ ತಲೆ ತೂರಿಸಿ ಅಂಗಾತ ಮಲಗಿ, ಟಾರ್ಚು ಬಾಯಲ್ಲಿ ಕಚ್ಚಿಕೊಂಡು ಸ್ವಿಚ್ಚನ್ನು ಕಣ್ಣಾರೆ ನೋಡುವುದು. ಹೊರಗೆ ಬಿಸಿಲು ಉರಿಯುತ್ತಿತ್ತು. ಭಾವ ಕಾರಿನ ಫ್ಯಾನನ್ನು ಜೋರಾಗಿ ಹಾಕಿಕೊಂಡಿದ್ದರು. ಕಿವಿಯ ಪಕ್ಕದಲ್ಲೇ ಅದರ ಬುಸ್ಸೆನ್ನುವ ಸದ್ದು.

ಟಾರ್ಚು ತೆಗೆದು, “ಕ್ಲಚ್ಚು,” ಎಂದು ಕೂಗಿದೆ. ಎಡಗಾಲು ಇಳಿಯಿತು. “ಬಿಡಿ. ಬ್ರೇಕು.”

“ಒತ್ತಿದೆ.”

ಬಲಗಾಲಿನ ಬೂಟು ನನ್ನ ಮೂಗಿನಿಂದ ಒಂದು ಗೇಣು ದೂರದಲ್ಲಿತ್ತು. ಅದು ಮ್ಯಾಟಿನ ಮೇಲೆ ಇದ್ದಲ್ಲೇ ಇತ್ತು.

“ಭಾವ, ಬ್ರೇಕು.”

“ಒತ್ತಿದೀನಿ ಕಣೋ. ಹತ್ತಿಲ್ವಾ ಲೈಟು?”

ಕೈ ಮೇಲೆತ್ತಿ ತಡಕಿ ಫ್ಯಾನ್ ಆರಿಸಿದೆ. ಅಂಗಡಿಯಲ್ಲಿ ಸದ್ದೇ ಇಲ್ಲದಂತಾಯಿತು. “ಇನ್ನೊಂದ್ಸಲ ಒತ್ತಿ,” ಎಂದೆ. ಬೂಟು ನಡುಗುತ್ತ ಎದ್ದಿತು, ಆಕ್ಸಿಲರೇಟರಿಗೆ ತಾಗಿತು, ಅಲ್ಲಿಂದ ಸರಿದು ಬ್ರೇಕ್ ಪೆಡಲಿನ ಬರೀ ಕಬ್ಬಿಣದ ಮೇಲೆ ಬಿತ್ತು. ಟಕ್. ಸದ್ದು ಕೇಳಿದ ಮೇಲೆ ಭಾವ ಮೊಣಕಾಲಿನ ಬಲ ಹಾಕಿ ಕೆಳಗೆ ಅದುಮಿದರು. ಹೊಸ ಸ್ವಿಚ್ಚು ಸರಿಯಾಗಿ ಕೆಲಸ ಮಾಡಿತು. ಹಳೆಯದೂ ಮಾಡುತ್ತಿತ್ತು.

ಲಾಳ ಯಾಕೆ, ರಬ್ಬರು ಕಿತ್ತಿದ್ದು ಯಾಕೆ, ಬೂಟಿನ ಲೇಸು ಅಷ್ಟು ಬಿಗಿ ಯಾಕೆ ಎಂದು ಅಲ್ಲೇ ಮಲಗಿದ್ದ ಹಾಗೇ ನನಗೆ ತಿಳಿಯಿತು. ಮುಟ್ಟಿದ್ದು ಪಾದಕ್ಕೆ ತಿಳಿಯುತ್ತಿರಲಿಲ್ಲ, ಅದಕ್ಕೆ ಕಿವಿಯಲ್ಲಿ ಕೇಳಿಕೊಂಡು ಓಡಿಸುತ್ತಿದ್ದರು. ಎದ್ದು ಬರಲು ಬಹಳ ಹೊತ್ತು ಬೇಕಾಯಿತು.

“ಎಷ್ಟು ದಿನ ಆಯ್ತು?”

“ಕಾಲು ಹೋಗಿ ಎಂಟು ತಿಂಗಳು. ಇಬ್ಬರು ಡಾಕ್ಟರಿಗೆ ತೋರಿಸ್ದೆ. ನರ ಒಣಗ್ತಾ ಬರತ್ತಂತೆ. ಔಷಧಿ ಇಲ್ಲ ಅಂದ್ರು. ಎಡಗಾಲೂ ಶುರುವಾಗಿದೆ.”

“ಕೈಯಲ್ಲೇ ಬ್ರೇಕು, ಆಕ್ಸಿಲರೇಟರು ಎಲ್ಲ ಹಾಕೋ ಕಿಟ್ ಬರತ್ತೆ ಭಾವ. ನಾನು ತರಿಸ್ತೀನಿ. ನಾನೇ ಹಾಕ್ತೀನಿ.”

ಭಾವ ಬಲಗೈ ಚಾಚಿ ಬೆರಳುಗಳನ್ನು ನನಗೆ ತೋರಿಸಿದರು. ತೋರುಬೆರಳಿನ ತುದಿಯಲ್ಲಿ ದೊಡ್ಡ ಬೊಬ್ಬೆ ಎದ್ದಿತ್ತು. “ನಿನ್ನೆ ಒಲೆ ಮೇಲಿನ ಪಾತ್ರೆ ಹಿಡ್ಕೊಂಡಿದ್ದೆ. ನಿಮ್ಮಕ್ಕ ಕಿರುಚಿದ ಮೇಲೆ ಬಿಟ್ಟೆ.”

ಬಟನ್ನನ್ನು ಯಾಕೆ ನೋಡಿ ಒತ್ತಿದರು ಎಂದು ಆಗ ಗೊತ್ತಾಯಿತು. ಸಿಟ್ಟು ಬರಲಿ ಎಂದು ಕಾದೆ. ಜೀವನದಲ್ಲಿ ಮೊದಲ ಸಲ ಅದು ಕೈಕೊಟ್ಟಿತು.

“ನೋಡು, ಒಂದು ಕೆಲಸ ಮಾಡು,” ಎಂದರು ಭಾವ, ಮೆಲ್ಲಗೆ. “ಬ್ರೇಕ್ ತಾಗಿದ ತಕ್ಷಣ ಪೀ ಅನ್ನೋ ಹಾಗೆ ಒಂದು ಬಜರ್ ಹಾಕ್ಕೊಡು. ನಾನು ಫ್ಯಾನ್ ಹಾಕಲ್ಲ. ಗ್ಲಾಸ್ ಏರಿಸ್ಕೊಂಡಿರ್ತೀನಿ. ನೇರ ರೋಡಲ್ಲಿ ಕ್ರೂಸ್ ಇರತ್ತೆ, ಬ್ರೇಕಿಗೆ ಬಜರ್ ಇರತ್ತೆ. ಆಗತ್ತೆ ಕಣೋ. ನಾಳೆ ಬೆಳಿಗ್ಗೆ ಐದೂವರೆಗೆ ಪೆಟ್ಟಿಗೆ ಕಾಯ್ತಿರತ್ತೆ.”

ಹತ್ತು ನಿಮಿಷದ ಕೆಲಸ. ಬ್ರೇಕ್ ಲೈಟಿನ ವೈರಿಗೆ ಒಂದು ಜೋಡಣೆ, ಒಂದು ಅರ್ಥಿಂಗು. ಹಾಳಾದ ನನ್ನ ತಲೆ ಆಗಲೇ ಯಾವ ಬಣ್ಣದ ವೈರು, ಬಜರ್ ಎಲ್ಲಿ ಕೂರಿಸುವುದು ಎಂದು ಯೋಚಿಸತೊಡಗಿತ್ತು. ಕಾಲು ಎದ್ದರೆ ತಾನೇ ತಾಗುವುದು, ತಾಗಿದರೆ ತಾನೇ ಪೀ ಅನ್ನುವುದು. ಏಳದೇ ಹೋದಾಗ ಅದು ಸುಮ್ಮನಿರುತ್ತದೆ, ರಸ್ತೆಯಲ್ಲಿ ಎದುರಿಗೆ ಯಾರೇ ಇರಲಿ.

“ಹಾಕಲ್ಲ ಭಾವ.”

“ನೀನೂ ಹಾಕಲ್ಲ ಅಂದ್ರೆ ಇನ್ಯಾರ ಹತ್ರ ಹೋಗ್ಲೋ?”

“ಯಾರ ಹತ್ರಾನೂ ಬೇಡ. ಕೀ ಕೊಡಿ.”

ಕೊಡಲಿಲ್ಲ. ಸೀಟಿನಲ್ಲೇ ಕೂತರು. ಎರಡೂ ಕೈ ಸ್ಟೇರಿಂಗ್ ಮೇಲಿತ್ತು. ನಾನು ಬಾಗಿಲ ಪಕ್ಕ ನಿಂತೇ ಇದ್ದೆ. ಹೊರಗೆ ಯಾರೋ ಹಾರ್ನ್ ಸರಿ ಮಾಡಿಸಲು ಬಂದು, ಇಬ್ಬರ ಮುಖ ನೋಡಿ ಹಾಗೇ ಹಿಂದೆ ಹೋದರು. ಆಮೇಲೆ ಭಾವ, “ನಿಮ್ಮಕ್ಕನಿಗೆ ನೀನೇ ಹೇಳು. ನನ್ನ ಕೈಲಾಗಲ್ಲ,” ಎಂದರು. ಕೀ ತಿರುವಿ ತೆಗೆದು ನನ್ನ ಕಡೆ ಚಾಚಿದರು. ಅದು ನನ್ನ ಅಂಗೈಗೆ ಬಿದ್ದ ಮೇಲೂ ಅವರ ಬೆರಳುಗಳು ಏನನ್ನೋ ಹಿಡಿದ ಹಾಗೇ ಇದ್ದವು. ಕೊಟ್ಟೆನೋ ಇಲ್ಲವೋ ಎಂದು ಅವರು ಕಣ್ಣಿಂದ ನೋಡಿ ತಿಳಿದುಕೊಂಡರು.

ಮನೆಗೆ ಅದೇ ಕಾರಿನಲ್ಲಿ ಹೊರಟೆವು. ನಾನು ಸ್ಟೇರಿಂಗಿಗೆ ಕೂತೆ. ಭಾವ ಪಕ್ಕದ ಸೀಟಿನಲ್ಲಿ, ಎಲ್ಲಿಗೋ ನೆಂಟರ ಗಾಡಿ ಹತ್ತಿದವರ ಹಾಗೆ ಕೈ ಮಡಚಿ ಕೂತರು. ನನಗೆ ಡ್ರೈವಿಂಗ್ ಕಲಿಸಿದ ದಿನಗಳ ಮೇಲೆ ಅವರು ಆ ಸೀಟಿನಲ್ಲಿ ಕೂತದ್ದನ್ನು ನಾನು ನೋಡಿರಲಿಲ್ಲ.

ಊರಾಚೆಯ ರಸ್ತೆ ಸಿಕ್ಕಾಗ, “ಹಾಕು ಕ್ರೂಸು, ನೋಡೋಣ,” ಎಂದರು.

ಹಾಕಿದೆ. ಹಸಿರು ದೀಪ ಹತ್ತಿತು. ಏರು ಬಂದರೂ ಇಳಿಜಾರು ಬಂದರೂ ಮುಳ್ಳು ಎಪ್ಪತ್ತರಿಂದ ಕದಲಲಿಲ್ಲ. ಇಪ್ಪತ್ತಾರು ವರ್ಷದಲ್ಲಿ ನಾನು ಮಾಡಿದ ಕೆಲಸಗಳಲ್ಲಿ ಇದಕ್ಕಿಂತ ಚೊಕ್ಕವಾದದ್ದು ಇಲ್ಲ.

“ಚೆನ್ನಾಗಿ ಮಾಡಿದೀಯ ಫ್ಯೂಸು,” ಎಂದರು ಭಾವ.

ಮುಂದೆ ಶಾಲೆಯ ಹತ್ತಿರ ಮಕ್ಕಳು ಕೈ ಕೈ ಹಿಡಿದುಕೊಂಡು ರಸ್ತೆ ದಾಟುತ್ತಿದ್ದರು. ನಾನು ದೂರದಿಂದಲೇ ಬ್ರೇಕ್ ತುಳಿದೆ. ದೀಪ ಆರಿತು, ಕಾರು ನಿಂತಿತು. ಭಾವ ಮುಂದಕ್ಕೆ ಬಾಗಿ, ಉಸಿರು ಬಿಗಿಹಿಡಿದು, ಆಮೇಲೆ ಸಡಿಲಾಗಿ ಸೀಟಿಗೆ ಒರಗಿದರು. ನನ್ನ ಕಡೆ ತಿರುಗಿ ನಾಚಿಕೆಯಿಂದ ನಕ್ಕರು.

“ನೋಡು, ಇಲ್ಲಿ ಪೆಡಲೇ ಇಲ್ಲ, ಆದ್ರೂ ನಾನೂ ಒತ್ಬಿಟ್ಟೆ. ಕಾಲಿನ ಅಭ್ಯಾಸ.”

ನಾನು ಕೆಳಗೆ ನೋಡಿದೆ. ಬಲಗಾಲಿನ ಬೂಟು ಹತ್ತುವಾಗ ಎಲ್ಲಿಟ್ಟಿದ್ದರೋ ಅಲ್ಲೇ, ಪಕ್ಕಕ್ಕೆ ವಾಲಿಕೊಂಡು ಬಿದ್ದಿತ್ತು.

“ಹೌದು ಭಾವ, ನೋಡಿದೆ,” ಎಂದೆ.