ನಿನ್ನೆಯ ಸೀಮೆಯೊಡನೆ ಕರಾರು

ಈ ಕರಾರು ಮಾಡಿದ ಹಿರಿಯರಿಗೆ ತಲೆ ನೆಟ್ಟಗಿತ್ತೋ ಇಲ್ಲವೋ, ನನಗಂತೂ ಇವತ್ತಿಗೂ ತಿಳಿದಿಲ್ಲ. ನಮ್ಮ ಘಟ್ಟದ ಆಚೆ ನಿನ್ನೆಯ ಸೀಮೆ. ಅಲ್ಲಿರುವುದೂ ನಮ್ಮೂರೇ, ನಮ್ಮ ಜನವೇ, ಆದರೆ ಐವತ್ತು ವರ್ಷ ಹಿಂದೆ. ಮೊದಲು ಯಾರು ಬೇಕಾದರೂ ಹೋಗಿ ಬರುತ್ತಿದ್ದರಂತೆ. ಆಚೆಯ ಮುದುಕನೊಬ್ಬ ಈಚೆ ಬಂದು, ತನ್ನದೇ ತಿಥಿಯಲ್ಲಿ ಕುದುರೆ ಮಾಂಸ ಹೊಡೆದು, ಉಪ್ಪು ಸಾಲದು ಎಂದು ಜಗಳ ತೆಗೆದನಂತೆ. ಆಮೇಲೆ ಎರಡೂ ಸೀಮೆಯವರು ಕೂತು ಕರಾರು ಮಾಡಿದರು. ಆಚೆಯಿಂದ ಬಂದವರು ಹೊತ್ತು ಮುಳುಗುವ ಮುಂಚೆ ಹಿಂದಿರುಗಬೇಕು. ಮುಂದೆ ಆಗುವುದನ್ನು ಆಚೆಯವರಿಗೆ ಯಾರೂ ಹೇಳಬಾರದು. ಈಚೆಯ ಒಂದು ತುತ್ತು ನುಂಗಿದರೂ ಅವರು ಈಚೆಯವರೇ, ಘಟ್ಟ ಮತ್ತೆ ದಾರಿ ಬಿಡುವುದಿಲ್ಲ.

ನನ್ನ ತಾಯಿ ಸಾಲ್ಕಿನಾಯ್, ನಾನು ತೊಟ್ಟಿಲ ಕೂಸಾಗಿದ್ದಾಗ ಘಟ್ಟ ಹತ್ತಿ ಹೋದವಳು ಹಿಂದಿರುಗಲಿಲ್ಲ. "ಹಾಲು ಕುಡಿಯೋ ಕೂಸು ಬಿಟ್ಟು ಓಡಿಹೋದ ಮಹಾತಾಯಿ" ಎಂದು ಅಜ್ಜಿ ಸಾಯುವ ತನಕ ಅಂದಳು. ನಾನೂ ಬೈದುಕೊಂಡೇ ಬೆಳೆದೆ, ಬೈದುಕೊಂಡೇ ಮುದುಕಿಯಾದೆ.

ಮೊನ್ನೆ ಮಧ್ಯಾಹ್ನ ಘಟ್ಟದ ಕಾವಲುಗಾರ ತುರ್ದುಕುಲ್ ಬಾಗಿಲಿಗೆ ಬಂದ. ಹಿಂದೆ ಕೆಂಪು ತಲೆವಸ್ತ್ರದ ಒಬ್ಬ ಹುಡುಗಿ.

"ಕೆಂಜೆಕಾನ್ ಎಜೆ, ನಿಮ್ಮಮ್ಮನ್ನ ಕರ್ಕೊಂಡ್ ಬಂದಿದೀನಿ. ತಿನ್ನೋಕೆ ಏನೂ ಕೊಡ್ಬೇಡಿ, ಮುಂದಿಂದು ಏನೂ ಬಾಯಿ ಬಿಡ್ಬೇಡಿ. ಸಂಜೆ ಬರ್ತೀನಿ," ಎಂದು ಹೇಳಿ ಹೊರಟೇಬಿಟ್ಟ. ಏನೋ ಕುರಿಮರಿ ಬಿಟ್ಟುಹೋದ ಹಾಗೆ!

ಹುಡುಗಿ ನನ್ನ ಕಿರಿಸೊಸೆಗಿಂತ ಚಿಕ್ಕವಳು. ನನ್ನ ನರೆತ ಕೂದಲು ನೋಡಿ ಎದೆ ಮೇಲೆ ಕೈಯಿಟ್ಟು ಬಗ್ಗಿದಳು.

"ಸಲಾಮ್, ಎಜೆ. ನೀವು... ನನ್ನ ಮಗಳಾ?"

ನಾನು ಯಾರನ್ನು ಅಪಾ, ಅಂದರೆ ಅಮ್ಮಾ, ಎನ್ನಬೇಕೋ ಅವಳೇ ನನ್ನನ್ನು ಎಜೆ, ಅಂದರೆ ಅಕ್ಕಾ, ಎನ್ನುತ್ತಿದ್ದಾಳೆ. ಅವಳಿಗೆ ನೀನು ಅನ್ನಲೋ ನೀವು ಅನ್ನಲೋ? ಬೈಗುಳವೆಲ್ಲ ನಾಲಿಗೆಯ ತುದಿಗೆ ಬಂದಿತ್ತು. ಆದರೆ ಯಾವ ಬಾಯಲ್ಲಿ ಬೈಯಲಿ? ಅವಳಿನ್ನೂ ನನ್ನನ್ನು ಬಿಟ್ಟು ಹೋಗಿಯೇ ಇಲ್ಲವಲ್ಲ!

"ಹೌದಂತೆ," ಎಂದೆ. "ಯಾಕೆ ಬಂದಿದ್ದು?"

"ಕೂಸಿಗೆ ಜ್ವರ. ಮೊದಲಿನ ಎರಡೂ ಹೀಗೇ ಹೋದ್ವು. ಇದಾದ್ರೂ ಉಳಿಯತ್ತಾ ಅಂತ ನೋಡ್ಕೊಂಡ್ ಹೋಗೋಣ ಅಂತ..." ನನ್ನ ಕೆನ್ನೆ ಸವರಿದಳು. "ಉಳಿದಿದೀರಿ! ಎಷ್ಟು ದಪ್ಪ ಆಗ್ಬಿಟ್ಟಿದೀರಿ!"

"ಹೆತ್ತ ತಾಯಿ ಮಗಳಿಗೆ ಆಡೋ ಮಾತಾ ಇದು?"

ಇಬ್ಬರೂ ನಕ್ಕೆವು. ನಗುತ್ತ ನಗುತ್ತ ನನಗೆ ಅಳು ಬಂದುಬಿಟ್ಟಿತು.

ಇವಳು ಓಡಿಹೋಗಲು ಬಂದವಳಲ್ಲ. ಗಳಿಗೆಗೊಮ್ಮೆ ಕಿಟಕಿಯಲ್ಲಿ ಬಿಸಿಲು ನೋಡುತ್ತಾಳೆ, ಎದೆ ಹಾಲು ಕಟ್ಟಿ ನೋಯುತ್ತಿದೆ ಎನ್ನುತ್ತಾಳೆ. ಹಾಗಿದ್ದರೆ ಯಾಕೆ ಹಿಂದಿರುಗಲಿಲ್ಲ? ದಾರಿಯಲ್ಲಿ ಕಾಲು ಜಾರಿದಳೇ? ತೋಳ ಅಡ್ಡ ಬಂತೇ? ಏನಾದರೂ ಆಗಲಿ, ಇವಳನ್ನು ಘಟ್ಟ ದಾಟಿಸಿಯೇ ತೀರುವುದು, ಆ ಕೂಸಿಗೊಬ್ಬ ಅಮ್ಮ ಇರಲಿ ಎಂದು ಹಟ ಹಿಡಿದೆ. ಚಹಾದ ನೀರು ಒಲೆಯಿಂದ ಇಳಿಸಿದೆ. ಹಾಸಿದ್ದ ಊಟದ ಬಟ್ಟೆಯನ್ನು ರೊಟ್ಟಿ ಸಮೇತ ಮಡಚಿ ಬಾಗಿಲ ಬಳಿಯ ಪೆಟ್ಟಿಗೆಯ ಮೇಲಿಟ್ಟೆ. ಮನೆಗೆ ಬಂದವರನ್ನು ಬರಿಬಾಯಲ್ಲಿ ಕೂರಿಸಿದ್ದು ನನ್ನ ಜನ್ಮದಲ್ಲೇ ಮೊದಲು, ನಾಚಿಕೆಯಿಂದ ಸತ್ತುಹೋದೆ.

"ಹೊತ್ತಾಯ್ತು, ಏಳಿ ಏಳಿ!" ತುರ್ದುಕುಲ್ ಅಂಗಳದಿಂದ ಕೂಗಿದ.

"ಘಟ್ಟದ ತನಕ ನಾನೂ ಬರ್ತೀನಿ," ಎಂದು ಗಡಿಬಿಡಿಯಲ್ಲಿ ಕೋಟು ಹಾಕಿಕೊಂಡೆ. ಅವಳು ಹೊಸ್ತಿಲ ಬಳಿ ನಿಂತಿದ್ದಳು. ನಮ್ಮಲ್ಲಿ ಹೊರಟವರು ಯಾರೇ ಇರಲಿ, ಹಗೆಯೇ ಇರಲಿ, ರೊಟ್ಟಿಗೆ ಬಾಯಿ ಮುಟ್ಟಿಸದೆ ಹೊಸ್ತಿಲು ದಾಟಿಸುವುದಿಲ್ಲ. ಬುದ್ಧಿಗೆ ಗೊತ್ತಿದ್ದದ್ದು ಕೈಗೆ ಗೊತ್ತಿರಬೇಕಲ್ಲ! ನನ್ನ ಕೈ ತಾನಾಗಿ ರೊಟ್ಟಿ ತೆಗೆದು ಚಾಚಿತು.

"ಬಾಯಿ ಮುಟ್ಟಿಸಿ ಹೋಗಿ."

ಅವಳ ಕೈಯೂ ತಾನಾಗಿ ಒಂದು ಚೂರು ಮುರಿದು ಬಾಯಿಗಿಟ್ಟಿತು. ನುಂಗಿದ ಮೇಲೆ ಇಬ್ಬರಿಗೂ ಎಚ್ಚರವಾಯಿತು.

"ಅಯ್ಯೋ, ನನ್ನ ಕೈ ಮುರಿದುಹೋಗ!" ಎಂದು ಕಿರುಚಿದೆ. "ಉಗಿ, ಬೇಗ ಉಗಿ!"

ಗಂಟಲಿಗೆ ಬೆರಳು ಹಾಕಿ ಕೆಮ್ಮಿದಳು, ಏನೂ ಬರಲಿಲ್ಲ. ಮೂವರೂ ಬಿದ್ದೆವೋ ಎದ್ದೆವೋ ಎಂದು ಘಟ್ಟಕ್ಕೆ ಓಡಿದೆವು. ತುರ್ದುಕುಲ್‌ಗೆ ದಾರಿ ಇತ್ತು, ಹೋಗಿ ಬಂದು ತೋರಿಸಿದ. ಅವಳ ಕೈಗೆ ಮಾತ್ರ ಬರೀ ಬಂಡೆ ಸಿಕ್ಕುತ್ತಿತ್ತು. ಎರಡೂ ಮುಷ್ಟಿಯಿಂದ ಗುದ್ದಿದಳು.

"ಆಚೆ ಇರೋ ನಮ್ಮಜ್ಜಿಗೆ ಹೇಳಾದ್ರೂ ಬಾರೋ, ಇವಳು ಓಡಿಹೋಗಿಲ್ಲ ಅಂತ!" ಎಂದು ಅವನ ತೋಳು ಹಿಡಿದು ಅಲ್ಲಾಡಿಸಿದೆ.

"ಹೇಳಂಗಿಲ್ಲ ಎಜೆ. ಕರಾರು," ಎಂದು ತಲೆ ತಗ್ಗಿಸಿದ.

ಅವಳು ಬಂಡೆಗೆ ಒರಗಿ ಕುಸಿದಳು. ಅಂಗಿಯ ಎದೆ ಹಾಲಿನಿಂದ ಒದ್ದೆಯಾಗಿತ್ತು.

"ಕೂಸು ಹಸಿದಿರತ್ತೆ ಎಜೆ. ಯಾರು ಕುಡಿಸ್ತಾರೆ?"

ನಾನು ಪಕ್ಕದಲ್ಲಿ ಕೂತು ಅವಳ ಕೈ ಹಿಡಿದುಕೊಂಡೆ.

"ಅಜ್ಜಿ ಮೇಕೆ ಹಾಲು ಕುಡಿಸ್ತಾಳೆ, ಅಪಾ," ಎಂದೆ. "ಕೂಸು ಬದುಕ್ತಾಳೆ. ದಿನಾ ನಿನ್ನನ್ನ ಬೈಕೊಂಡು ಬದುಕ್ತಾಳೆ."