ಬೇಲಿ ಹಾಕದ ಪಾವಡಿ

"ನಮ್ಮ ಪಾವಡಿ ನಮ್ದೇ ಅಲ್ವಂತೆ ನಿತ್ಯಾ! ಆಫೀಸರ್‌ಗೆ ಹಂಗಂತ ಹೇಳಿದ್ದು ಯಾರು ಗೊತ್ತಾ? ನಿನ್ನ ಅಜ್ಜಿ!"

ಕಾಲೇಜಿನಿಂದ ಬಂದ ನಿತ್ಯಾ ಇನ್ನೂ ಚಪ್ಪಲಿ ಬಿಟ್ಟಿರಲಿಲ್ಲ. ಅಪ್ಪ ಮೋಹನ್ ರಾಜ್ ಬಾಗಿಲಲ್ಲೇ ಶುರುಮಾಡಿದ್ದ. ಅಜ್ಜಿ ಕಮಲಾತಾಳ್ ಮಾತ್ರ ಕಾಲು ಚಾಚಿ ಅವರೆಕಾಯಿ ಸುಲಿಯುತ್ತಿದ್ದಳು.

"ಅಲ್ಲ ಅಂತ ನಾನೆಲ್ಲಿ ಅಂದೆ? ನಮ್ಮನೆಯೋರು ಒಂದಿನಾನೂ ಬೇಲಿ ಹಾಕ್ಲಿಲ್ಲ, ಬೀದಿಯೋರಿಗೆಲ್ಲಾ ಬಿಟ್ಟಿದ್ರು ಅಂದೆ. ಪೆರುಮೆಯಾಗಿ, ಹೆಮ್ಮೇಲಿ ಅಂದೆ."

"ಪೆರುಮೆ! ಅವ್ನು ಊರ ದಾರಿ ಅಂತ ಬರ್ಕೊಂಡು ಹೋದ. ದಾರಿಗೆ ಯಾರು ಪರಿಹಾರ ಕೊಡ್ತಾರೆ?"

ಸೂಲೂರು ರಸ್ತೆ ಅಗಲವಾಗುತ್ತಿತ್ತು. ಮನೆಯ ಪಕ್ಕದ ಉದ್ದನೆಯ ಜಾಗ, ಅಂದರೆ ಪಾವಡಿ, ಪೂರ್ತಿ ಹೋಗುತ್ತದೆ, ಅದರ ತುದಿಯ ಮಗ್ಗದ ಶೆಡ್ಡೂ ಹೋಗುತ್ತದೆ. ಇನ್ನೊಂದು ಶೆಡ್ಡು ಕಟ್ಟಬೇಕೆಂದರೆ ಪರಿಹಾರವೇ ಗತಿ. ಪತ್ರವೇನೋ ತೀರಿಹೋದ ತಾತನ ಹೆಸರಿನಲ್ಲಿತ್ತು. ಆದರೆ ಇಷ್ಟು ವರ್ಷ ಊರೇ ಬಳಸಿದೆಯಲ್ಲ ಎನ್ನುವುದು ಆಫೀಸಿನವರ ವಾದ. ತಕರಾರು ಹೇಳಲು ನಾಳೆಯ ವಿಚಾರಣೆಯೇ ಕೊನೆ.

ನಿತ್ಯಾಳಿಗೆ ಪಾವಡಿ ಎಂದರೆ ಗಂಜಿಯ ಹುಳಿವಾಸನೆ. ಬೆಳಕು ಹರಿಯುವ ಮೊದಲೇ ಬೀದಿಯವರು ಅಲ್ಲಿ ಪಾವು, ಅಂದರೆ ಮಗ್ಗಕ್ಕೇರುವ ಹಾಸುನೂಲನ್ನು, ಈ ತುದಿಯಿಂದ ಆ ತುದಿಗೆ ಎಳೆದು ಕಟ್ಟುತ್ತಿದ್ದರು. ಎರಡೂ ಬದಿ ನಿಂತು ಗಂಜಿ ಹಚ್ಚಿ ಬಾಚುತ್ತ, ಒಬ್ಬರ ಕಾಲು ಒಬ್ಬರು ಎಳೆಯುತ್ತ, ಬಿಸಿಲೇರುವುದರೊಳಗೆ ಮುಗಿಸುತ್ತಿದ್ದರು. ಅವಳು ನೂಲಿನ ಕೆಳಗೆ ತೆವಳಿದರೆ ತಲೆಯ ಮೇಲೆ ಗಿಳಿಹಸಿರು ಆಕಾಶ. ಮಾರನೆಯ ದಿನ ಮಾವಿನಹಣ್ಣಿನ ಹಳದಿ. ಈಗ ಪಾವು ಗಿರಣಿಯಿಂದ ಸುತ್ತಿಕೊಂಡೇ ಬರುತ್ತದೆ, ಪಾವಡಿಯಲ್ಲಿ ಬೈಕುಗಳು ನಿಲ್ಲುತ್ತವೆ.

ಗಲಾಟೆ ಕೇಳಿ ಎದುರುಮನೆಯ ಮುದುಕ ನೇಕಾರ ಚಿನ್ನಸಾಮಿ ಬಂದ.

"ಏನ್ ಮೋಹನು, ಮೈಕ್‌ಸೆಟ್ ಹಾಕ್ಕೊಂಡು ಅವ್ವನ್ನ ಬೈತಿದ್ಯಾ?" ವಿಷಯ ತಿಳಿದು ನಕ್ಕುಬಿಟ್ಟ. "ದಾರೀನಾ? ಸಂಕ್ರಾಂತಿ ಬಂದು ತೈ ತಿಂಗಳು ಹುಟ್ಟಿದ್ರೆ ತಟ್ಟೇಲಿ ವೆತ್ತಲೆಪಾಕು, ಎಲೆಅಡಿಕೆ ಇಟ್ಟು ಕೊಟ್ಟು, ನಿಮ್ಮಪ್ಪನ ಅಪ್ಪಣೆ ಕೇಳಿ ತಾನೇ ನಾವು ಮೊದಲ ಪಾವು ಎಳೀತಿದ್ದದ್ದು? ದಾರಿಗೆ ಯಾವನಾದ್ರೂ ವೆತ್ತಲೆ ಕೊಡ್ತಾನಾ?"

"ಅದು ಬರೀ ಮರ್ಯಾದೆಗೆ ಅಂತಾರೆ ಆಫೀಸಿನೋರು, ಮಾಮಾ," ಅಂದಳು ನಿತ್ಯಾ. "ನಮ್ಮ ತಾತ ಯಾರಿಗಾದ್ರೂ ಬೇಡ ಅಂದಿದ್ರಾ?"

ಚಿನ್ನಸಾಮಿ ಅಜ್ಜಿಯ ಮುಖ ನೋಡಿದ. ಅಜ್ಜಿ ಅವರೆಕಾಯಿ ನೋಡಿದಳು.

"ಹೇಳ್ಲಾ ಅಕ್ಕಾ?"

"ಬೇಡ."

"ಒಂದ್ಸಲ ನನ್ನ ವೆತ್ತಲೆ ತಟ್ಟೆ ಹಂಗೇ ತಿರುಗಿ ಬಂತು ಕಣಮ್ಮಾ! ನೇಕಾರರ ಸಂಘದ ಎಲೆಕ್ಷನ್‌ನಲ್ಲಿ ನಿಮ್ಮ ತಾತಂಗೆ ಓಟು ಹಾಕ್ಲಿಲ್ಲ ಅಂತ. ಆ ವರ್ಷ ಪೂರಾ ಕೆರೆ ಏರಿ ಮೇಲೆ ಪಾವು ಎಳೆದೆ. ಗಾಳಿಗೆ ನೂಲೆಲ್ಲಾ ಹುಚ್ಚಿ ಕೂದಲು!"

"ಸಾಕು! ಇದೊಂದು ಸಾಕು! ಊರ ದಾರೀಲಿ ಯಾರ್ನಾದ್ರೂ ಬೇಡ ಅನ್ನಕ್ಕಾಗುತ್ತಾ?" ಮೋಹನ್ ರಾಜ್ ತೊಡೆ ತಟ್ಟಿಕೊಂಡ.

ಅಜ್ಜಿ ನಗಲಿಲ್ಲ. ಬೇಲಿಯಿಲ್ಲದ ಮನಸ್ಸು ಅಂತ ಇಷ್ಟು ವರ್ಷ ಹೊಗಳಿದ ಗಂಡನನ್ನು ನಾಲ್ಕು ಜನರೆದುರು ಹಟಮಾರಿ ಎನ್ನಬೇಕಲ್ಲ ಎಂಬ ಸಂಕಟ ನಿತ್ಯಾಳಿಗೆ ಕಂಡಿತು.

"ಅವ್ರು ಅಷ್ಟು ಕೆಟ್ಟೋರಲ್ಲ ಚಿನ್ನಸಾಮಿ."

"ಯಾರಂದ್ರು? ಮುಂದಿನ ತೈಗೆ ಅವ್ರೇ ನಮ್ಮನೆಗೆ ಬಂದು, 'ಏನ್ಡಾ, ವೆತ್ತಲೆ ಎಲ್ಲಿ?' ಅಂದ್ರು. ಇಬ್ರೂ ಅತ್ವಿ. ನಿಮ್ಗೆ ಹೇಳಿಲ್ವಾ?"

ಅಜ್ಜಿಗೆ ಹೇಳಿರಲಿಲ್ಲ. ಅವಳು ಅವರೆಕಾಯಿಯ ಮೊರ ಪಕ್ಕಕ್ಕಿಟ್ಟಳು.

"ಅದನ್ನೂ ಹೇಳ್ತೀಯಾ ಅಲ್ಲಿ?"

"ಹೇಳ್ದೆ ಬಿಡ್ತೀನಾ?"

"ಹಂಗಾದ್ರೆ ಅವ್ರು ನಿಂಗೆ ಪಾವಡಿ ಕೊಡಲ್ಲ ಅಂದಿದ್ದನ್ನ ನಾನೇ ಹೇಳ್ತೀನಿ. ಎಷ್ಟೊತ್ತಿಗೆ ಮೋಹನು?"

"ಹತ್ತಕ್ಕೆ, ತಾಲೂಕಾಫೀಸಲ್ಲಿ."

"ಚಿನ್ನಸಾಮಿ, ನಾಳೆ ಎಂಟಕ್ಕೇ ಬಾ. ಇಲ್ಲೇ ಇಡ್ಲಿ ತಿಂದು ಒಟ್ಟಿಗೆ ಹೋಗಾಣ."