ಅಪ್ಪನ ಪಕ್ಕದ ಗೀಟು

ಅಪ್ಪ ಎಂದು ಬರೆದ ತ್ರಿಕೋನಕ್ಕೂ ಮಗು ಎಂದು ಬರೆದ ವೃತ್ತಕ್ಕೂ ನಡುವೆ ಮೇಷ್ಟ್ರು ಬೋರ್ಡಿನ ಮೇಲೆ ಒಂದು ಅಡ್ಡಗೀಟು ಎಳೆದರು. ಮೈನಸ್. ಸೋದರಮಾವನಿಗೂ ಮಗುವಿಗೂ ನಡುವೆ ಆಗಲೇ ಪ್ಲಸ್ ಬಿದ್ದಿತ್ತು.

"ಒಂದು ಕಡೆ ಸಲಿಗೆ ಇದ್ರೆ ಇನ್ನೊಂದು ಕಡೆ ಬಿಗುವು. ಮಾವ ಹತ್ತಿರದವನಾದ್ರೆ ಅಪ್ಪ ದೂರ. ಅಪ್ಪ ಹತ್ತಿರ ಬಂದ್ರೆ ಮಾವ ದೂರ. ಎರಡೂ ಪ್ಲಸ್ ಆಗೋದು ಈ ನೆಂಟಸ್ತಿಕೆ ನಕ್ಷೇಲಿ ಇಲ್ಲ," ಎನ್ನುತ್ತಾ ಕೈಗೆ ಮೆತ್ತಿದ ಸೀಮೆಸುಣ್ಣ ಕೊಡವಿ ತಿರುಗಿದರು.

ಮೂರನೇ ಬೆಂಚಿನಲ್ಲಿ ಅವರ ಮಗಳು ಎದ್ದು ನಿಂತಿದ್ದಳು.

ಅವಳು ಈ ಕಾಲೇಜಿಗೆ ಸೇರಿದ ದಿನವೇ ಮೇಷ್ಟ್ರು ಕಟ್ಟುನಿಟ್ಟಾಗಿ ಹೇಳಿದ್ದರು: ಇಲ್ಲಿ ನಾನು ನಿನಗೆ ಅಪ್ಪ ಅಲ್ಲ, ಸರ್. ನಾಲ್ಕು ಜನ ಆಡಿಕೊಳ್ಳಬಾರದು ಎಂಬುದಷ್ಟೇ ಅವರ ಉದ್ದೇಶ. ಹುಡುಗಿ ಪಾಠವನ್ನು ಎಷ್ಟು ಚೆನ್ನಾಗಿ ಕಲಿತಳೆಂದರೆ ಮನೆಯಲ್ಲೂ 'ಸರ್' ಬಾಯಿಗೆ ಬರತೊಡಗಿತು. ಮೊದಮೊದಲು ತಮಾಷೆಗೆ. ಬರುಬರುತ್ತಾ ತಮಾಷೆ ಹೋಗಿ ಸರ್ ಮಾತ್ರ ಉಳಿಯಿತು. 'ನೀನು' ಇದ್ದದ್ದು 'ನೀವು' ಆಯಿತು. ಅದು ಯಾವತ್ತು ಆಯಿತೆಂದು ಕೇಳಿದ್ದರೆ ಮೇಷ್ಟ್ರಿಗೆ ಹೇಳಲು ಬರುತ್ತಿರಲಿಲ್ಲ.

"ಸರ್, ಅಲ್ಲಿ ಮೈನಸ್ ಇದೆ ಅಂತ ಮೊದಲೇ ಗೊತ್ತಿದ್ರೆ ಆ ಅಪ್ಪ ಏನ್ ಮಾಡ್ಬೇಕು?"

"ಏನೂ ಮಾಡೋ ಹಾಗಿಲ್ಲ. ವ್ಯಕ್ತಿ ಏನ್ ಮಾಡ್ತಾನೆ ಅನ್ನೋದು ಸಂರಚನಾವಾದಕ್ಕೆ ಮುಖ್ಯ ಅಲ್ಲ. ಅಪ್ಪ ಅನ್ನೋದು ಒಂದು ಸ್ಥಾನ, ಅಷ್ಟೆ."

ಹಿಂದಿನ ಬೆಂಚಿನಿಂದ ಯಾರೋ, "ನಡಿಯೇ, ಮಾವನ ಮನೆಗೆ ಹೋಗೋಣ," ಎಂದರು. ತರಗತಿ ಗೊಳ್ಳೆಂದಿತು. ಮಗಳು "ಸರಿ ಸರ್," ಎಂದು ಕೂತಳು. ಸಂಜೆ ಅವಳು ನಿಜವಾಗಿಯೂ ಮಾವನ ಮನೆಗೆ ಹೋಗಿದ್ದಳು. ಇನ್ನು ಆ ತರಗತಿಗೂ ಬರುವುದಿಲ್ಲ, ಆ ಮನೆಗೂ ಬರುವುದಿಲ್ಲ ಎಂದು ಅಮ್ಮನಿಗೆ ಫೋನು ಬಂತು.

ಮೇಷ್ಟ್ರಿಗೆ ತಲೆಬುಡ ತಿಳಿಯಲಿಲ್ಲ. ಇದೇ ಪಾಠವನ್ನು ಅವರು ವರ್ಷವರ್ಷವೂ ಮಾಡಿಕೊಂಡು ಬಂದಿದ್ದರು. ಹುಡುಗರು ಅವರಿಗೆ 'ಪ್ಲಸ್ಸು ಮೈನಸ್ಸು ಮೇಷ್ಟ್ರು' ಎಂದು ಹೆಸರಿಟ್ಟದ್ದೂ ಅದಕ್ಕೇ. ಅವರೇ ಹುಡುಗರಾಗಿದ್ದಾಗ ಅವರ ಮೇಷ್ಟ್ರೊಬ್ಬರು, ಒಂದು ಪದಕ್ಕೆ ತನ್ನಷ್ಟಕ್ಕೆ ತಾನೇ ಬೆಲೆ ಇಲ್ಲ, ಪಕ್ಕದ ಪದಕ್ಕಿಂತ ಬೇರೆಯಾಗಿರುವುದರಿಂದಲೇ ಅದಕ್ಕೆ ಬೆಲೆ ಎಂದು ಹೇಳಿ ಇವರ ನಿದ್ದೆ ಕೆಡಿಸಿದ್ದರು. ಭಾಷೆಯ ಅಭ್ಯಾಸದಲ್ಲಿ ಹುಟ್ಟಿದ ಸಂರಚನಾವಾದವೆಂಬ ಆ ವಿಚಾರ ಅಲ್ಲೇ ಸುಮ್ಮನೆ ಕೂರಲಿಲ್ಲ. ನೆಂಟಸ್ತಿಕೆಗೆ ಹೋಯಿತು, ಪುರಾಣಕ್ಕೆ ಹೋಯಿತು, ಕಥೆ ಕಾವ್ಯಕ್ಕೆ, ಕಡೆಗೆ ಜನ ತೊಡುವ ಬಟ್ಟೆಗೂ ಅಡುಗೆಮನೆಗೂ ನುಗ್ಗಿತು. ಒಂದು ಕಾಲಕ್ಕೆ ವಿಭಾಗದ ಯಾವ ಬಾಗಿಲು ತಟ್ಟಿದರೂ ಒಳಗೆ ಒಬ್ಬರು ಹಸಿ-ಬೆಂದದ್ದು, ಒಳಗು-ಹೊರಗು ಎಂದು ಜೋಡಿ ಹಾಕುತ್ತಾ ಕೂತಿರುತ್ತಿದ್ದರು. ಆಮೇಲೆ ಆ ವಿಚಾರದ ಮನೆಯಲ್ಲಿ ಬೆಳೆದವರೇ ಅದರ ಗೋಡೆ ಕೆಡವಿದರು. ಈಗ ಅದು ಪಠ್ಯದಲ್ಲಿ ಒಂದು ಅಧ್ಯಾಯ. ಆದರೂ ಮೇಷ್ಟ್ರು ಅದನ್ನು ಬಿಡಲಿಲ್ಲ. ಅದರಲ್ಲಿ ಅವರಿಗೆ ಒಂದು ನೆಮ್ಮದಿ ಇತ್ತು. ಯಾರ ತಪ್ಪೂ ಇಲ್ಲದೆ ಎಲ್ಲವೂ ಅರ್ಥವಾಗುತ್ತಿತ್ತು.

"ಮೈನಸ್ ಅಂತ ಬರೆದ್ರಂತಲ್ಲ?" ಎಂದು ಹೆಂಡತಿ ಕೇಳಿದಳು.

"ಮೈನಸ್ ಅಂದ್ರೆ ಪ್ರೀತಿ ಇಲ್ಲ ಅಂತಲ್ಲ ಕಣೇ. ಮರ್ಯಾದೆಯ ದೂರ ಅಂತ. ಅದು ನಮ್ಮ ಬಗ್ಗೆ ಅಲ್ಲವೇ ಅಲ್ಲ. ಎಲ್ಲ ಅಪ್ಪಂದಿರ ಬಗ್ಗೆ."

"ನೀವು ಅವರಲ್ಲಿ ಸೇರಿಲ್ವಾ?"

ಮೇಷ್ಟ್ರು ಕನ್ನಡಕ ತೆಗೆದು ಒರೆಸಿದರು. ಅವಳು ಬಿಡಲಿಲ್ಲ. "ಗಂಡ ಹೆಂಡ್ತಿಗೆ ಏನ್ ಹಾಕಿದ್ರಿ?"

ಅಲ್ಲಿಗೂ ಮೈನಸ್ಸೇ ಬಿದ್ದಿತ್ತು. ಅಕ್ಕ ತಮ್ಮನಿಗೆ ಪ್ಲಸ್ ಬಂದರೆ ಗಂಡ ಹೆಂಡತಿಗೆ ಬೇರೆ ದಾರಿಯಿಲ್ಲ. ಅದನ್ನು ಹೇಳುವಷ್ಟು ದಡ್ಡರಲ್ಲ ಮೇಷ್ಟ್ರು. ಕನ್ನಡಕ ಹಾಕಿಕೊಂಡು ಎದ್ದುಹೋದರು.

ಖಾಲಿ ಮೂರನೇ ಬೆಂಚಿಗೆ ಪಾಠ ಹೇಳುವುದು ದಿನದಿನಕ್ಕೆ ಕಷ್ಟವಾಯಿತು. ಮನೆಗೆ ಬಂದರೆ ಅವಳ ಕೋಣೆಯ ಬಾಗಿಲು ಮುಚ್ಚಿರುತ್ತಿತ್ತು. ಇವಳು ವಾಪಸ್ ಬರದೇ ಹೋದರೆ ಎಂದು ಮೇಷ್ಟ್ರಿಗೆ ನಿಜವಾಗಿಯೂ ಭಯವಾಯಿತು. ವಾರ ತುಂಬುವ ಮೊದಲೇ, ಮಧ್ಯಾಹ್ನದ ತರಗತಿ ಮುಗಿಸಿ, ಅವರು ಮಗಳು ಈಗ ಹಗಲೆಲ್ಲ ಇರುತ್ತಿದ್ದ ಭಾವಮೈದುನನ ಚಪ್ಪಲಿ ಅಂಗಡಿಗೆ ಹೊರಟರು.

ಭಾವಮೈದುನ ಗಡಿಯಾರ ಮಾರಿ, ಕೊಡೆ ಮಾರಿ, ಯಾವುದೂ ಕೈಹಿಡಿಯದೆ ಈಗ ಚಪ್ಪಲಿ, ಶೂ ಮಾರುತ್ತಿದ್ದ. ಬಾಯಿ ಮಾತ್ರ ಯಾವ ವ್ಯಾಪಾರದಲ್ಲೂ ಲುಕ್ಸಾನು ಕಂಡದ್ದಲ್ಲ. ಉದ್ದನೆಯ ಇಕ್ಕಟ್ಟು ಅಂಗಡಿ. ಗಾಜಿನ ಹಲಗೆಗಳ ಮೇಲೆ ಸಾಲಾಗಿ ಎಡಗಾಲಿನವು ಮಾತ್ರ ಇದ್ದವು. ಬಲಗಾಲಿನವು ಪರದೆಯ ಹಿಂದೆ, ಡಬ್ಬಗಳಲ್ಲಿ.

"ಬನ್ನಿ ಭಾವ, ಬನ್ನಿ. ನನಗೆ ಪ್ಲಸ್ ಕೊಟ್ಟಿದ್ದೀರಂತೆ? ನಮ್ಮ ಮೇಷ್ಟ್ರುಗಳು ಯಾರೂ ಕೊಟ್ಟಿರಲಿಲ್ಲ," ಎಂದು ನಕ್ಕವನು, ಮೇಷ್ಟ್ರ ಮುಖ ನೋಡಿ ದನಿ ತಗ್ಗಿಸಿದ. "ಅವಳು ಅಳ್ತಾ ಬಂದ್ಲು ಭಾವ. ಅವಳ ಜೊತೆ ಸೇರ್ಕೊಂಡು ನಿಮ್ಮನ್ನ ನಾನೂ ಚೆನ್ನಾಗಿ ಬೈದೆ. ಈಗ ಕೂತು ಯೋಚನೆ ಮಾಡಿದ್ರೆ, ಯಾತಕ್ಕೆ ಬೈದೆ ಅಂತಾನೇ ಗೊತ್ತಾಗ್ತಿಲ್ಲ. ನೀವು ಮಾಡಿದ್ದಾದ್ರೂ ಏನು?"

"ನಾನೇನೂ ಮಾಡಿಲ್ಲ."

"ಅವಳೂ ಅದನ್ನೇ ಅಂದ್ಲು. ಅಪ್ಪ ಏನೂ ಮಾಡಲ್ಲ ಅಂತ."

ಮೇಷ್ಟ್ರು ಹತ್ತಿರವಿದ್ದ ಡಬ್ಬದ ಮುಚ್ಚಳವನ್ನು ಎಳೆದುಕೊಂಡು ಪೆನ್ನು ತೆಗೆದರು. "ನೋಡು, ಸರಿಯಾಗಿ ಕೇಳಿಸ್ಕೋ," ಎಂದು ತ್ರಿಕೋನ ಬರೆದರು, ವೃತ್ತ ಬರೆದರು. ಇದು ನಿಮ್ಮಕ್ಕ, ಇದು ನೀನು, ಇಲ್ಲಿ ಪ್ಲಸ್. "ಅಯ್ಯೋ, ಮುಚ್ಚಳದ ಮೇಲೆ ಗೀಚಬೇಡಿ ಭಾವ, ಗಿರಾಕಿ ತಗೊಳಲ್ಲ," ಎಂದು ಅವನು ಬಡಕೊಂಡರೂ ಕೇಳಲಿಲ್ಲ. ಅಪ್ಪನಿಗೂ ಮಗುವಿಗೂ ನಡುವೆ ಬಂದಾಗ ಪೆನ್ನು ನಿಂತಿತು. ಇಷ್ಟು ವರ್ಷ ಕಣ್ಣುಮುಚ್ಚಿ ಎಳೆದ ಗೀಟು ಅದು. ಪ್ಲಸ್ ಬರೆದರೆ ಪಾಠ ಸುಳ್ಳಾಗುತ್ತಿತ್ತು. ಮೈನಸ್ ಬರೆಯಲು ಕೈ ಬರಲಿಲ್ಲ. ಏನು ಬರೆಯಬೇಕೋ ನಿಜಕ್ಕೂ ತಿಳಿಯದೆ ಮೇಷ್ಟ್ರು ಪೆನ್ನನ್ನು ಹಾಗೇ ಹಿಡಿದುಕೊಂಡು ಕೂತರು.

ಪರದೆ ಸರಿಯಿತು. ಮಗಳು ಎರಡು ಡಬ್ಬ ಎತ್ತಿಕೊಂಡು ಹೊರಗೆ ಬಂದವಳು ಅಲ್ಲೇ ನಿಂತಳು. ಅವಳ ಕಣ್ಣು ಮುಚ್ಚಳದ ಮೇಲೆ ಹೋಯಿತು, ಖಾಲಿ ಬಿಟ್ಟ ಜಾಗದ ಮೇಲೆ ಒಂದು ಗಳಿಗೆ ನಿಂತಿತು.

"ಏನ್ ಬೇಕಿತ್ತು ಸರ್?"

ದಾರಿಯುದ್ದಕ್ಕೂ ಮೇಷ್ಟ್ರು ಮಾತು ಜೋಡಿಸಿಕೊಂಡು ಬಂದಿದ್ದರು. ಮೈನಸ್ ಅಂದ್ರೆ ಹಾಗಲ್ಲಮ್ಮ ಎಂದು ಶುರುಮಾಡಿ, ಮನೆಗೆ ಬಾ ಎಂದು ಮುಗಿಸುವುದು. ಈಗ ಮೊದಲೂ ಇಲ್ಲ, ಕೊನೆಯೂ ಇಲ್ಲ.

"ಶೂ," ಎಂದರು.

ಭಾವಮೈದುನ ನಗು ತಡೆಯಲಾರದೆ ಪರದೆಯ ಹಿಂದೆ ಓಡಿದ. ಮಗಳು ನಗಲಿಲ್ಲ. ಡಬ್ಬಗಳನ್ನು ಕೆಳಗಿಟ್ಟು ಮೇಷ್ಟ್ರ ಕಾಲು ನೋಡಿದಳು. "ಸೈಜು?"

"ಎಂಟು."

"ಬಲಗಾಲಿಂದು ಬಿಚ್ಚಿ ಸರ್."

ಮೇಷ್ಟ್ರು ಬಿಚ್ಚಿದರು. ಕಾಲುಚೀಲದ ಕಿರುಬೆರಳಿನ ಹತ್ತಿರ ತೂತು ಬಿದ್ದಿತ್ತು. ನಾಚಿಕೆಯಾಗಿ ಎಡಗಾಲನ್ನು ಅದರ ಮೇಲಿಟ್ಟುಕೊಂಡರು. ಮಗಳು ನೋಡಿಯೂ ನೋಡದವಳಂತೆ ಒಳಗೆ ಹೋದಳು. ಎಲ್ಲ ಮುಗಿಯಿತು, ಇನ್ನು ತಾನು ಅವಳಿಗೆ ಬರೀ ಗಿರಾಕಿ ಎಂದು ಮೇಷ್ಟ್ರಿಗೆ ಅನ್ನಿಸಿತು. ಮುಚ್ಚಳವನ್ನು ಬೋರಲು ಹಾಕಿದರು.

ಪರದೆ ತೆಳುವಾಗಿತ್ತು. ಒಳಗಿನ ಮಾತು ಕೇಳಿಸುತ್ತಿತ್ತು.

"ಮಾವ, ಈ ಕಪ್ಪಗಿರೋದ್ರಲ್ಲಿ ಒಂಬತ್ತು ಇದೆಯಾ?"

"ಎಂಟು ಅಂದ್ರಲ್ಲೇ?"

"ಅಂತಾರೆ. ಅಪ್ಪಂಗೆ ಎಂಟು ಕಚ್ಚತ್ತೆ ಮಾವ. ಬಲಗಾಲು ಸ್ವಲ್ಪ ದಪ್ಪ. ಎಷ್ಟೋ ವರ್ಷದಿಂದ ಕಚ್ಚಿಸ್ಕೊಂಡೇ ಓಡಾಡ್ತಿದಾರೆ, ಬಾಯಿಬಿಟ್ಟು ಹೇಳಲ್ಲ."

ಡಬ್ಬಗಳನ್ನು ಎಳೆಯುವ, ಒಂದರ ಮೇಲೊಂದು ಇಡುವ ಸದ್ದಾಯಿತು. ಮೇಷ್ಟ್ರು, ಯಾರೂ ಹೇಳದಿದ್ದರೂ, ಬಗ್ಗಿ ಎಡಗಾಲಿನ ಲೇಸನ್ನೂ ಬಿಚ್ಚತೊಡಗಿದರು.